ಕಾಲನ್ನು ಮೂರರಿಂದ ಭಾಗಿಸುವ ಲೆಕ್ಕ

ಕರ್ನಾಟಕದ ಯಾವುದಾದರೂ ಮೋಟಾರು ಅಪಘಾತ ಪರಿಹಾರ ನ್ಯಾಯಮಂಡಳಿಯ ಹತ್ತು ತೀರ್ಪು ತೆಗೆದು ಓದಿ. ಕೈಕಾಲು ಮುರಿದವರ ಕೇಸುಗಳಲ್ಲಿ ಒಂದು ಲೆಕ್ಕ ಮತ್ತೆ ಮತ್ತೆ ಕಣ್ಣಿಗೆ ಬೀಳುತ್ತೆ. ವೈದ್ಯರು ಬಂದು ಬಲಗಾಲಿಗೆ 36 ಪರ್ಸೆಂಟ್ ಊನ ಅಂತ ಸಾಕ್ಷಿ ಹೇಳಿರುತ್ತಾರೆ. ಅದರ ಕೆಳಗೆ ಒಂದು ಸಾಲು: ಇದರ ಮೂರನೇ ಒಂದು ಭಾಗವಾದ 12 ಪರ್ಸೆಂಟನ್ನು ಇಡೀ ದೇಹದ ಊನವೆಂದು ಪರಿಗಣಿಸಲಾಗಿದೆ. ಅಷ್ಟೇ. ಯಾಕೆ ಮೂರು, ಯಾಕೆ ಎರಡಲ್ಲ, ಯಾಕೆ ನಾಲ್ಕಲ್ಲ ಅನ್ನುವ ವಿವರಣೆ ಇರುವುದಿಲ್ಲ. ಗಾಯಗೊಂಡವನು ಗಾರೆ ಕೆಲಸದವನೋ ಬ್ಯಾಂಕ್ ಮ್ಯಾನೇಜರೋ ಅನ್ನುವುದೂ ಆ ಸಾಲಿಗೆ ಬೇಕಾಗಿಲ್ಲ. ಮಗ್ಗಿ ಒಪ್ಪಿಸಿದ ಹಾಗೆ ಮೂರರಿಂದ ಭಾಗಿಸಿ ಮುಂದಕ್ಕೆ ಹೋಗುತ್ತಾರೆ.

ನನ್ನ ತಕರಾರು ಈ ಭಾಗಾಕಾರದ ಮೇಲೆ. ನಾನು ವಕೀಲನಲ್ಲ, ಡಾಕ್ಟರೂ ಅಲ್ಲ. ಒಂದು ಕೇಸಿನಲ್ಲಿ ಸಾಕ್ಷಿಯಾಗಿ ಕಟಕಟೆ ಹತ್ತಿ ಇಳಿದವನು. ಆಮೇಲೆ ಕುತೂಹಲಕ್ಕೆ ತೀರ್ಪುಗಳನ್ನು ಓದುತ್ತಾ ಹೋದವನು. ಓದಿದಷ್ಟೂ ಸಿಟ್ಟು ಬಂತು. ಯಾಕೆಂದರೆ ಕಾನೂನು ಹೇಳುವುದು ಒಂದು, ಕೋರ್ಟಿನ ಹಾಲಿನಲ್ಲಿ ನಡೆಯುವುದು ಇನ್ನೊಂದು. ಈ ವ್ಯತ್ಯಾಸದ ಖರ್ಚು ಪೂರ್ತಿ ಬೀಳುವುದು ಮೈ ಬಗ್ಗಿಸಿ ದುಡಿಯುವವರ ಮೇಲೆ.

ಕೇಸು ನಮ್ಮ ಮನೆ ಕಟ್ಟಿದ ಮೇಸ್ತ್ರಿಯದು. ಅಪಘಾತವಾದಾಗ ಅವನಿಗೆ 34 ವರ್ಷ. ಸಂಜೆ ಕೆಲಸ ಮುಗಿಸಿ ಎಕ್ಸೆಲ್ ಗಾಡಿಯಲ್ಲಿ ಮನೆಗೆ ಹೋಗುತ್ತಿದ್ದಾಗ ಹಿಂದಿನಿಂದ ಬಂದ ಕಾರು ಗುದ್ದಿತು. ಮೊಣಕಾಲಿನ ಕೆಳಗೆ ಎರಡೂ ಮೂಳೆ ಮುರಿದವು, ಮುರಿತ ಮೊಣಕಾಲಿನ ಕೀಲಿನವರೆಗೂ ಹೋಗಿತ್ತು. ಎರಡು ಆಪರೇಷನ್, ಪ್ಲೇಟು, ಸ್ಕ್ರೂ. ಮೂಳೆಯೇನೋ ಕೂಡಿತು. ಈಗ ಅವನು ನಡೀತಾನೆ. ಸ್ವಲ್ಪ ಎಳೆದುಕೊಂಡು, ಆದರೆ ಊರುಗೋಲಿಲ್ಲದೆ. ಮೊಣಕಾಲು ಮಾತ್ರ ಪೂರ್ತಿ ಮಡಚುವುದಿಲ್ಲ.

ಮೊಣಕಾಲು ಮಡಚದಿದ್ದರೆ ಏನಾಗುತ್ತೆ? ನನ್ನಂಥವನಿಗೆ ಏನೂ ಆಗಲ್ಲ. ಇಂಡಿಯನ್ ಕಕ್ಕಸಿನ ಬದಲು ಕಮೋಡ್ ಹಾಕಿಸಿಕೊಳ್ಳಬೇಕು, ಬಸ್ಸಿನಲ್ಲಿ ಕಾಲು ಚಾಚೋಕೆ ಜಾಗ ಹುಡುಕಬೇಕು. ಸಂಬಳ ಒಂದನೇ ತಾರೀಕು ಬರುತ್ತೆ. ಗಾರೆ ಮೇಸ್ತ್ರಿಯ ದಿನ ಹೇಗಿರುತ್ತೆ ಅಂತ ನೋಡಿದವರಿಗೆ ಗೊತ್ತು. ನೆಲ ಹಾಕುವಾಗ, ಟೈಲ್ಸ್ ಕೂರಿಸುವಾಗ ಬೆಳಗಿನಿಂದ ಸಂಜೆಯವರೆಗೆ ಕುಕ್ಕರುಗಾಲು. ಗೋಡೆ ಎದ್ದಂತೆ ಸಾರವೆ ಹತ್ತಬೇಕು. ಎರಡು ಬೊಂಬಿನ ಮೇಲೆ ಹಾಕಿದ ಒಂದು ಹಲಗೆ, ಅದರ ಮೇಲೆ ನಿಂತು ಒಂದು ಕೈಯಲ್ಲಿ ಇಟ್ಟಿಗೆ, ಇನ್ನೊಂದು ಕೈಯಲ್ಲಿ ಕರಣೆ. ಮೈಭಾರವೆಲ್ಲ ಕಾಲಿನ ಮೇಲೆ. ಹಲಗೆ ಅಲುಗಿದರೆ ಥಟ್ಟನೆ ಮೊಣಕಾಲು ಬಗ್ಗಿಸಿ ಸಮತೋಲ ಹಿಡಿಯಬೇಕು. ಬಗ್ಗದ ಕಾಲಿನವನನ್ನು ಯಾವ ಕಂಟ್ರಾಕ್ಟರು ಸಾರವೆ ಹತ್ತಿಸುತ್ತಾನೆ? ಹತ್ತಿಸಿದರೆ ಅದು ಇನ್ನೊಂದು ಕೇಸಾಗುತ್ತೆ.

ಅವನು ಈಗ ಮಾಡುವ ಕೆಲಸ ಒಂದು ಸಿಮೆಂಟ್ ಗೋಡೌನಿನಲ್ಲಿ ಚೀಟಿ ಬರೆಯುವುದು. ಸಿಕ್ಕಿದ್ದೇ ಪುಣ್ಯ. ಕೂಲಿ ಮೊದಲಿನ ಅರ್ಧಕ್ಕೂ ಕಡಿಮೆ. ಆದರೆ ತೀರ್ಪಿನ ಪ್ರಕಾರ ಅವನು ಕಳೆದುಕೊಂಡಿದ್ದು 12 ಪರ್ಸೆಂಟ್. ತೀರ್ಪು ಬಂದ ದಿನ ವಕೀಲರು ಲೆಕ್ಕ ವಿವರಿಸಿದಾಗ ಅವನು ಕೇಳಿದ್ದು ಒಂದೇ ಮಾತು. "ಸಾ, ಮೂರ್ನೇ ಒಂದು ಭಾಗ ಅವ್ರು ಕೊಟ್ರು. ಮಿಕ್ಕಿದ್ದೆರಡು ಭಾಗ ಯಾರ್ ಹೊರ್ತಾರೆ ಸಾ?"

ವಕೀಲರು ಕಡತ ಕಟ್ಟುತ್ತಾ ಅಪೀಲು ಹಾಕೋಣ ಅಂದರು.

ಈಗ ಕಾನೂನಿಗೆ ಬರೋಣ. 1988ರ ಮೋಟಾರು ವಾಹನ ಕಾಯ್ದೆಯಲ್ಲಿ ಈ ಮೂರರ ಭಾಗಾಕಾರ ಎಲ್ಲೂ ಇಲ್ಲ. 168ನೇ ಸೆಕ್ಷನ್ ನ್ಯಾಯಮಂಡಳಿಗೆ ಹೇಳುವುದು ನ್ಯಾಯೋಚಿತ ಅನಿಸುವ ಪರಿಹಾರ ಕೊಡಿ ಅಂತ. ಕಾಲಿನ ಊನ ಬೇರೆ, ಇಡೀ ದೇಹದ ಊನ ಬೇರೆ ಅನ್ನುವುದು ವೈದ್ಯಶಾಸ್ತ್ರದಲ್ಲಿ ಸರಿಯಾದ ಮಾತೇ. ಕಾಲು ದೇಹದ ಒಂದು ಭಾಗ, ಒಪ್ಪೋಣ. ಆದರೆ ಪರಿಹಾರದ ಪ್ರಶ್ನೆ ದೇಹದ ಎಷ್ಟು ಭಾಗ ಕೆಟ್ಟಿತು ಅನ್ನುವುದಲ್ಲ. ದುಡಿಯುವ ಶಕ್ತಿ ಎಷ್ಟು ಹೋಯಿತು ಅನ್ನುವುದು. ಈ ಎರಡು ಪ್ರಶ್ನೆಗಳನ್ನು ಒಂದೇ ಅಂದುಕೊಂಡಲ್ಲೇ ಎಡವಟ್ಟಾಗಿರುವುದು.

ಇದನ್ನು ನಾನು ಹೇಳುತ್ತಿಲ್ಲ. ನಮ್ಮ ಹೈಕೋರ್ಟಿನಲ್ಲೇ ವರ್ಷಗಟ್ಟಲೆ ನ್ಯಾಯಮೂರ್ತಿಯಾಗಿದ್ದು ಆಮೇಲೆ ಸುಪ್ರೀಂ ಕೋರ್ಟಿಗೆ ಹೋದ ಆರ್.ವಿ. ರವೀಂದ್ರನ್ ಅವರು 2010ರಲ್ಲಿ ರಾಜ್‌ಕುಮಾರ್ ವಿರುದ್ಧ ಅಜಯ್ ಕುಮಾರ್ ಅನ್ನುವ ಕೇಸಿನಲ್ಲಿ ಬಿಡಿಸಿ ಬಿಡಿಸಿ ಬರೆದಿದ್ದಾರೆ. ಊನದ ಪರ್ಸೆಂಟನ್ನೇ ಯಾಂತ್ರಿಕವಾಗಿ ಆದಾಯ ನಷ್ಟದ ಪರ್ಸೆಂಟ್ ಮಾಡಬೇಡಿ. ಮೊದಲು ಆ ಮನುಷ್ಯ ಈಗ ಏನು ಮಾಡಬಲ್ಲ, ಏನು ಮಾಡಲಾರ ಅಂತ ನೋಡಿ. ಆಮೇಲೆ ಅಪಘಾತಕ್ಕೆ ಮುಂಚೆ ಅವನ ಕಸುಬು ಏನಿತ್ತು, ಕೆಲಸದ ಸ್ವರೂಪ ಏನು, ವಯಸ್ಸೆಷ್ಟು ನೋಡಿ. ಕೊನೆಗೆ ಅವನು ಅದೇ ಕೆಲಸ ಮಾಡಬಲ್ಲನೋ, ಬೇರೆ ಕೆಲಸವಾದರೂ ಮಾಡಬಲ್ಲನೋ, ಯಾವುದೂ ಆಗುವುದಿಲ್ಲವೋ ತೀರ್ಮಾನಿಸಿ. ಉದಾಹರಣೆಯನ್ನೂ ಅವರೇ ಕೊಟ್ಟಿದ್ದಾರೆ. ಎಡಗೈ ಕಳೆದುಕೊಂಡವನು ಡ್ರೈವರೋ ಬಡಗಿಯೋ ಆಗಿದ್ದರೆ ದುಡಿಮೆಯ ನಷ್ಟ ಹೆಚ್ಚುಕಮ್ಮಿ ನೂರಕ್ಕೆ ನೂರು ಆಗಬಹುದು. ಅದೇ ಸರ್ಕಾರಿ ಗುಮಾಸ್ತನಾಗಿದ್ದರೆ ಕೆಲಸ ಹೋಗದೇ ಇರಬಹುದು. ಒಂದೇ ಕೈ, ಎರಡು ಬೇರೆ ಬೇರೆ ನಷ್ಟ. ಇದಕ್ಕಿಂತ ಸರಳವಾಗಿ ಹೇಳೋಕೆ ಸಾಧ್ಯವೇ?

ಹತ್ತು ವರ್ಷ ಕಳೆದು 2020ರಲ್ಲಿ ಪಪ್ಪು ದೇವ್ ಯಾದವ್ ಕೇಸು ಬಂತು. ಡೇಟಾ ಎಂಟ್ರಿ ಕೆಲಸದ ಹುಡುಗ, ಕೈ ಕತ್ತರಿಸಬೇಕಾಯಿತು. ವೈದ್ಯರ ಸರ್ಟಿಫಿಕೇಟ್ 89 ಪರ್ಸೆಂಟ್ ಅಂದಿತ್ತು. ಹೈಕೋರ್ಟು ಅದನ್ನು 45ಕ್ಕೆ ಇಳಿಸಿತ್ತು. ಸುಪ್ರೀಂ ಕೋರ್ಟ್ ಇದು ಯಾಂತ್ರಿಕ ಲೆಕ್ಕ, ವಾಸ್ತವಕ್ಕೆ ಕಣ್ಣು ಮುಚ್ಚಿದೆ ಅನ್ನುವ ಅರ್ಥದ ಮಾತು ಹೇಳಿ 65ಕ್ಕೆ ಏರಿಸಿತು. ಗಾಯಾಳುಗಳಿಗೂ ಮುಂದೆ ಹೆಚ್ಚುತ್ತಿದ್ದ ಆದಾಯದ ಲೆಕ್ಕ ಸೇರಿಸಬೇಕು ಅಂತಲೂ ಹೇಳಿತು. ಬೆರಳಿಂದ ದುಡಿಯುವವನಿಗೆ ಕೈ ಅಂದರೆ ಏನು ಅಂತ ಅಲ್ಲಿ ಅರ್ಥವಾಯಿತು. ಕಾಲಿಂದ ದುಡಿಯುವವನಿಗೆ ಕಾಲು ಅಂದರೆ ಏನು ಅಂತ ಇಲ್ಲಿ ಯಾಕೆ ಅರ್ಥವಾಗುವುದಿಲ್ಲ?

ಬ್ರಿಟಿಷರ ಕಾಲದ ಕಾನೂನಿಗೆ ಈ ಬುದ್ಧಿ ಇತ್ತು ನೋಡಿ. 1923ರ ಕಾರ್ಮಿಕರ ಪರಿಹಾರ ಕಾಯ್ದೆಯ ಮೊದಲನೇ ಅನುಸೂಚಿಯಲ್ಲಿ ಒಂದೊಂದು ಗಾಯಕ್ಕೂ ಪರ್ಸೆಂಟ್ ಬರೆದಿದ್ದಾರೆ, ಆ ಪಟ್ಟಿಯ ಕಾಲಮ್ಮಿನ ಹೆಸರೇ ಗಳಿಕೆಯ ಸಾಮರ್ಥ್ಯದ ನಷ್ಟ ಅಂತ. ಅದರಲ್ಲಿ ಹೆಬ್ಬೆರಳು ಹೋದರೆ 30. ಒಂದು ಹೆಬ್ಬೆರಳು ಇಡೀ ದೇಹದ ಎಷ್ಟನೇ ಭಾಗ ಅಂತ ಅವರು ಅಳತೆ ಪಟ್ಟಿ ಹಿಡಿದು ಕೂರಲಿಲ್ಲ. ಹೆಬ್ಬೆರಳಿಲ್ಲದವನು ಯಾವ ಉಪಕರಣ ಹಿಡಿಯಬಲ್ಲ ಅಂತ ಯೋಚಿಸಿದರು. ನಮ್ಮ ಮೇಸ್ತ್ರಿಯ ಇಡೀ ಮೊಣಕಾಲಿಗೆ 12, ಹೆಬ್ಬೆರಳಿಗೆ 30!

ಎಲ್ಲ ನ್ಯಾಯಾಧೀಶರೂ ಹೀಗೇ ಅಂತ ನಾನು ಹೇಳಲಾರೆ. ಕಸುಬು ನೋಡಿ ಪರ್ಸೆಂಟ್ ಏರಿಸಿದ ತೀರ್ಪುಗಳೂ ನಮ್ಮ ಹೈಕೋರ್ಟಿನಲ್ಲಿವೆ, ಓದಿದ್ದೇನೆ. ಆದರೆ ಅವೆಲ್ಲ ಅಪೀಲಿನಲ್ಲಿ ಬಂದವು. ಅಪೀಲು ಹಾಕುವ ತ್ರಾಣ ಎಷ್ಟು ಜನಕ್ಕಿದೆ? ಬೆಂಗಳೂರಿಗೆ ಓಡಾಡಬೇಕು, ಇನ್ನಷ್ಟು ವರ್ಷ ಕಾಯಬೇಕು. ಸಿಕ್ಕಿದ್ದನ್ನು ತಗೊಂಡು ಕೈಸಾಲ ತೀರಿಸಿ ಸುಮ್ಮನಾಗುವವರೇ ಹೆಚ್ಚು.

ಪರ್ಸೆಂಟಿನ ಕಥೆ ಹೀಗಾದರೆ ಆದಾಯದ ಕಥೆ ಕೇಳಿ. ನಾನು ಸಾಕ್ಷಿ ಹೇಳಿದ್ದು ಆ ವಿಷಯಕ್ಕೇ. ಮನೆ ಕಟ್ಟಿಸುವಾಗ ನಾನು ಒಂದು ಲಾಂಗ್ ಬುಕ್ಕಿನಲ್ಲಿ ದಿನದ ಲೆಕ್ಕ ಬರೆದಿಟ್ಟಿದ್ದೆ. ಯಾವತ್ತು ಎಷ್ಟು ಆಳು, ಮೇಸ್ತ್ರಿಗೆಷ್ಟು, ಹೆಣ್ಣಾಳಿಗೆಷ್ಟು, ಮರಳು ಎಷ್ಟು ಲೋಡು, ಎಲ್ಲ. ಮೇಸ್ತ್ರಿಗೆ ದಿನಕ್ಕೆ 900. ತಿಂಗಳಿಗೆ 24 ದಿನ ಅಂತ ಹಿಡಿದರೂ 21,600. ಆ ಪುಸ್ತಕ ತಗೊಂಡು ಹೋದೆ. ವಿಮಾ ಕಂಪನಿಯ ವಕೀಲರು ಬಹಳ ಸೌಜನ್ಯದಿಂದ ಪಾಟೀ ಸವಾಲು ಮಾಡಿದರು.

"ಇದು ನೀವೇ ಬರೆದದ್ದು ತಾನೆ?"

"ಹೌದು."

"ಅರ್ಜಿದಾರನ ಸಹಿ ಇದರಲ್ಲಿ ಎಲ್ಲಾದರೂ ಇದೆಯೇ?"

"ಇಲ್ಲ."

"ಅರ್ಜಿದಾರನಿಗೆ ಅನುಕೂಲ ಮಾಡಿಕೊಡಲು ಈ ಕೇಸಿಗೋಸ್ಕರವೇ ಸೃಷ್ಟಿಸಿದ ಪುಸ್ತಕ ಇದು ಎಂದರೆ?"

"ಎಂದರೆ ಸರಿಯಲ್ಲ" ಅಂತ ಬೆರಳಚ್ಚು ಮಾಡಿಕೊಂಡರು. ಕೋರ್ಟಿನ ಕನ್ನಡದಲ್ಲಿ ಸುಳ್ಳುಗಾರ ಅಂತ ಯಾರೂ ಯಾರನ್ನೂ ಅನ್ನುವುದಿಲ್ಲ, ಎಂದರೆ ಸರಿ, ಎಂದರೆ ಸರಿಯಲ್ಲ, ಅಷ್ಟೇ. ಸಿಮೆಂಟಿನ ಕಲೆ ಬಿದ್ದು ಹಳದಿಯಾದ ಆ ಪುಸ್ತಕವನ್ನು ಯಾರಾದರೂ ಕೇಸಿಗೋಸ್ಕರ ಸೃಷ್ಟಿಸಿದ್ದರೆ ಅವನಿಗೆ ನಾಟಕ ಅಕಾಡೆಮಿ ಪ್ರಶಸ್ತಿ ಕೊಡಬೇಕು.

ತೀರ್ಪಿನಲ್ಲಿ ನನ್ನ ಪುಸ್ತಕಕ್ಕೆ ಒಂದೂವರೆ ಸಾಲು. ಆದಾಯಕ್ಕೆ ನಂಬಲರ್ಹ ದಾಖಲೆ ಇಲ್ಲ, ಆದ್ದರಿಂದ ಕಾಲ್ಪನಿಕ ಆದಾಯ ತಿಂಗಳಿಗೆ 15,000. ಈ ಕಾಲ್ಪನಿಕ ಆದಾಯ ಎಲ್ಲಿಂದ ಬರುತ್ತೆ? ರಾಜ್ಯ ಕಾನೂನು ಸೇವೆಗಳ ಪ್ರಾಧಿಕಾರ ಲೋಕ ಅದಾಲತ್‌ಗಳಲ್ಲಿ ರಾಜಿ ಮಾಡಿಸಲು ಅನುಕೂಲವಾಗಲಿ ಅಂತ ಒಂದು ಪಟ್ಟಿ ಮಾಡಿದೆ, ಇಸವಿವಾರು ಇಷ್ಟಿಷ್ಟು ಅಂತ. ರಾಜಿಗೆ ಒಂದು ಅಳತೆಗೋಲು ಬೇಕಲ್ಲ, ಮಾಡಿದ್ದು ತಪ್ಪಲ್ಲ. ಆದರೆ ರಾಜಿಗೆಂದು ಮಾಡಿದ ಪಟ್ಟಿ ಪೂರ್ತಿ ವಿಚಾರಣೆ ನಡೆದ ಕೇಸಿಗೂ ಬಂದು ಕೂತಿದೆ. ಸಾಕ್ಷ್ಯ ಇಲ್ಲದವನಿಗೆ ಕನಿಷ್ಠ ಇಷ್ಟಾದರೂ ಸಿಗಲಿ ಅಂತ ಇದ್ದ ನೆಲ, ಸಾಕ್ಷ್ಯ ತಂದವನಿಗೆ ಚಾವಣಿಯಾಗಿದೆ. ಗಾರೆ ಮೇಸ್ತ್ರಿ, ಮಣ್ಣು ಹೊರುವವನು, ವೆಲ್ಡರು, ಪೇಂಟರು, ಎಲ್ಲರಿಗೂ ಅದೇ ಅಂಕಿ. ಕೈಕೆಲಸದಲ್ಲಿ ಕಸುಬುದಾರ ಅನ್ನುವ ಜಾತಿಯೇ ಇಲ್ಲ ಅಂದ ಹಾಗಾಯಿತು.

ಇಲ್ಲೂ ಸುಪ್ರೀಂ ಕೋರ್ಟ್ ಬಾಯಿಬಿಟ್ಟು ಹೇಳಿದೆ, ಅದೂ ನಮ್ಮದೇ ರಾಜ್ಯದ ಕೇಸಿನಲ್ಲಿ. 2011ರ ರಾಮಚಂದ್ರಪ್ಪ ಪ್ರಕರಣ. ಕೂಲಿ ಕೆಲಸದವರು, 2004ರ ಅಪಘಾತ, ತಿಂಗಳಿಗೆ 4,500 ದುಡಿಯುತ್ತಿದ್ದೆ ಅಂದಿದ್ದರು. ದಾಖಲೆ ಇಲ್ಲ ಅಂತ 3,000ಕ್ಕೆ ಇಳಿಸಲಾಗಿತ್ತು. ಅಸಂಘಟಿತ ವಲಯದ ಕೂಲಿಯವನಿಂದ ದಾಖಲೆ ನಿರೀಕ್ಷಿಸುವುದು ಸರಿಯಲ್ಲ, ಅವನು ಕೇಳಿದ್ದು ಉತ್ಪ್ರೇಕ್ಷೆಯಲ್ಲ ಅನಿಸಿದರೆ ಒಪ್ಪಬೇಕು ಅಂತ ಹೇಳಿ 4,500 ಒಪ್ಪಿಕೊಂಡರು. ಮೇಸ್ತ್ರಿಗೆ ದಿನಕ್ಕೆ 900 ಅನ್ನುವುದು ಉತ್ಪ್ರೇಕ್ಷೆಯೇ? ಕೋರ್ಟಿನ ಹಿಂದಿನ ಬೀದಿಯಲ್ಲಿ ಕಟ್ಟುತ್ತಿರುವ ಕಟ್ಟಡಕ್ಕೆ ಹೋಗಿ ಕೇಳಿದರೆ ಎರಡು ನಿಮಿಷದಲ್ಲಿ ಗೊತ್ತಾಗುತ್ತೆ.

ಈಗ ಎರಡೂ ಲೆಕ್ಕವನ್ನು ಅಕ್ಕಪಕ್ಕ ಇಟ್ಟು ನೋಡಿ. 31ರಿಂದ 35 ವಯಸ್ಸಿನವರಿಗೆ ಸರಳಾ ವರ್ಮಾ ಪ್ರಕರಣದ ಪ್ರಕಾರ ಗುಣಕ 16. ತೀರ್ಪಿನ ಲೆಕ್ಕ: 15,000ವನ್ನು 12 ತಿಂಗಳಿಂದ ಗುಣಿಸಿ, 16ರಿಂದ ಗುಣಿಸಿ, ಅದರ 12 ಪರ್ಸೆಂಟ್. ಬರುವುದು 3,45,600. ಇನ್ನೊಂದು ಲೆಕ್ಕ ನನ್ನದು, ಆದರೆ ಒಂದೊಂದು ಮೆಟ್ಟಿಲೂ ಸುಪ್ರೀಂ ಕೋರ್ಟಿನದು. ಆದಾಯ 21,600. ನಲವತ್ತರೊಳಗಿನ ಸ್ವಂತ ದುಡಿಮೆಯವರಿಗೆ 2017ರ ಪ್ರಣಯ್ ಸೇಠಿ ತೀರ್ಪಿನಂತೆ ಭವಿಷ್ಯದ ಹೆಚ್ಚಳ 40 ಪರ್ಸೆಂಟ್, ಅಂದರೆ 30,240. ಅದೇ 12, ಅದೇ 16. ದುಡಿಮೆಯ ನಷ್ಟ 60 ಪರ್ಸೆಂಟ್ ಅಂತ ಹಿಡಿಯಿರಿ. ಅರ್ಧ ಕೂಲಿಯೂ ಸಿಗದವನಿಗೆ 60 ಹೆಚ್ಚೇನಲ್ಲ. ಬರುವುದು 34,83,648. ಹತ್ತು ಪಟ್ಟು. ಒಂದೇ ಕಾಯ್ದೆ, ಒಂದೇ ಕಾಲು. 60 ಜಾಸ್ತಿಯಾಯಿತು ಅಂತ ನೀವು 40ಕ್ಕೆ ಇಳಿಸಿ, ನನ್ನ ಅಭ್ಯಂತರವಿಲ್ಲ. ಆಗಲೂ 23 ಲಕ್ಷ ದಾಟುತ್ತೆ.

ಅಂದಹಾಗೆ ಈ ಪರಿಹಾರದ ಜಗತ್ತಿಗೆ ಮೂರು ಅನ್ನುವ ಸಂಖ್ಯೆಯ ಮೇಲೆ ಅದೇನೋ ಮೋಹ. 1994ರಲ್ಲಿ ಕಾಯ್ದೆಗೆ ಸೇರಿಸಿದ ಎರಡನೇ ಅನುಸೂಚಿಯಲ್ಲಿ ಸಂಪಾದನೆಯಿಲ್ಲದ ಹೆಂಡತಿಯ ಆದಾಯ ಎಷ್ಟು ಅಂತ ಬರೆದಿತ್ತು ಗೊತ್ತಾ? ದುಡಿಯುವ ಗಂಡನ ಆದಾಯದ ಮೂರನೇ ಒಂದು ಭಾಗ. ಬೆಳಿಗ್ಗೆ ಐದಕ್ಕೆ ಎದ್ದು ಹಾಲು ಕರೆದು, ಸಗಣಿ ಬಾಚಿ, ಮುದ್ದೆ ತಿರುವಿ, ಮಕ್ಕಳನ್ನು ಸ್ಕೂಲಿಗೆ ಕಳಿಸಿ, ಮಧ್ಯಾಹ್ನ ಹೊಲಕ್ಕೆ ಬುತ್ತಿ ಹೊತ್ತು ಹೋಗುವವಳು ಮೂರನೇ ಒಂದು ಮನುಷ್ಯಳು! 2010ರಲ್ಲಿ ಅರುಣ್ ಕುಮಾರ್ ಅಗರ್ವಾಲ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಗೃಹಿಣಿಯ ದುಡಿಮೆಗೆ ಬೆಲೆ ಕಟ್ಟದ ಈ ಧೋರಣೆಯನ್ನು ಟೀಕಿಸಿತು. ಜನಗಣತಿಯಲ್ಲಿ ಗೃಹಿಣಿಯರನ್ನು ಭಿಕ್ಷುಕರು, ಕೈದಿಗಳ ಜೊತೆ ದುಡಿಯದವರ ಪಟ್ಟಿಗೆ ಸೇರಿಸಿದ್ದನ್ನು ಎತ್ತಿ ತೋರಿಸಿತು. 2019ರ ತಿದ್ದುಪಡಿಯಲ್ಲಿ ಆ ಅನುಸೂಚಿಯೇ ಹೋಯಿತು, ಒಳ್ಳೆಯದಾಯಿತು. ಆದರೆ ಸೊಂಟ ಮುರಿದ ಹೆಂಗಸು ಕೋರ್ಟಿಗೆ ಬಂದರೆ ಕೇಳುವ ಪ್ರಶ್ನೆ ಇವತ್ತಿಗೂ ಅದೇ: ನೀವು ಮನೆಯಲ್ಲೇ ಇರೋದಲ್ವಾ, ಏನು ನಷ್ಟ?

ಕಸುಬು ಕೇಳಿ ಅನ್ನುವುದು ನನ್ನ ಒಂದೇ ಬೇಡಿಕೆ. ಮಲೆನಾಡಿನಲ್ಲಿ ಅಡಿಕೆ ಕೊನೆ ಕೊಯ್ಯುವವನಿದ್ದಾನೆ, ಮರದಿಂದ ಮರಕ್ಕೆ ಜೀಕಿಕೊಂಡು ದಾಟುವವನು. ಅವನ ಭುಜದ ಕೀಲು ಕೈಯೆತ್ತಲು ಬಿಡದಿದ್ದರೆ ಅವನ ಕಸುಬು ನೂರಕ್ಕೆ ನೂರು ಮುಗಿಯಿತು. ಗಾರ್ಮೆಂಟ್ಸ್‌ನಲ್ಲಿ ಹೊಲಿಗೆ ಮಿಷನ್ನಿನ ಪೆಡಲ್ ಒತ್ತುವ ಹುಡುಗಿಗೆ ಪಾದದ ಗಿಣ್ಣು ಜಡವಾದರೆ ಗಂಟೆಗೆ ಇಷ್ಟು ಪೀಸು ಅನ್ನುವ ಟಾರ್ಗೆಟ್ ಮುಟ್ಟಲಾಗುವುದಿಲ್ಲ, ಮುಟ್ಟದವರನ್ನು ಇಟ್ಟುಕೊಳ್ಳುವುದಿಲ್ಲ. ತಲೆಯ ಮೇಲೆ ಬುಟ್ಟಿ ಹೊತ್ತು ಸೊಪ್ಪು ಮಾರುವವಳಿಗೆ ಕತ್ತು. ಆಟೋದವನಿಗೆ ಗೇರು ಹಿಡಿಯುವ ಎಡಗೈ ಮಣಿಕಟ್ಟು. ಇವೆಲ್ಲ ಎಲ್ಲರ ಕಣ್ಣಿಗೂ ಕಾಣುವ ಸಂಗತಿ. ಕಾಣದಿರುವುದು ತೀರ್ಪಿನ ಆ ಒಂದು ಸಾಲಿಗೆ ಮಾತ್ರ.

ತಪ್ಪನ್ನೆಲ್ಲ ಜಡ್ಜ್‌ಗಳ ಮೇಲೆ ಹೊರಿಸುವುದೂ ಸರಿಯಲ್ಲ. ಅವರ ಮುಂದೆ ಏನಿಟ್ಟಿರುತ್ತಾರೆ ನೋಡಬೇಕು. ಆಪರೇಷನ್ ಮಾಡಿದ ಡಾಕ್ಟರು ಸಾಕ್ಷಿಗೆ ಬರುವುದಿಲ್ಲ. ಅವರಿಗೆ ಓಪಿಡಿ ಬಿಟ್ಟು ಬಂದು ಕೋರ್ಟಿನ ಬೆಂಚಿನ ಮೇಲೆ ದಿನವಿಡೀ ಕೂರೋಕೆ ಪುರಸೊತ್ತಿಲ್ಲ, ಬಂದರೆ ಆ ದಿನ ಕೇಸು ಮುಂದಕ್ಕೆ ಹೋಗಿರುತ್ತೆ. ಹಾಗಾಗಿ ಇನ್ನೊಬ್ಬ ಡಾಕ್ಟರು ಬರುತ್ತಾರೆ, ವಾರವಾರ ಬಂದು ಸಾಕ್ಷಿ ಹೇಳುವವರು. ಅವರು ಎಕ್ಸ್‌ರೇ ನೋಡಿ ಒಂದು ಪರ್ಸೆಂಟ್ ಹೇಳುತ್ತಾರೆ, ಅದು ತುಸು ಜಾಸ್ತಿಯೇ ಇರುತ್ತೆ. ಚಿಕಿತ್ಸೆ ಕೊಟ್ಟವರು ನೀವಲ್ಲ, ಅಲ್ಲವೇ ಅಂತ ವಿಮಾ ವಕೀಲರು ಕೇಳುತ್ತಾರೆ. ಅಲ್ಲ. ಮೂಳೆ ಕೂಡಿದೆ, ಅಲ್ಲವೇ? ಕೂಡಿದೆ. ಜಡ್ಜ್‌ಗೆ ಇದರ ಮೇಲೆ ನಂಬಿಕೆ ಬರುವುದಿಲ್ಲ, ಕತ್ತರಿಸುತ್ತಾರೆ. ಕತ್ತರಿಸುತ್ತಾರೆ ಅಂತ ಗೊತ್ತಿದ್ದು ಡಾಕ್ಟರು ಜಾಸ್ತಿ ಹೇಳುತ್ತಾರೆ, ಜಾಸ್ತಿ ಹೇಳುತ್ತಾರೆ ಅಂತ ಗೊತ್ತಿದ್ದು ಇವರು ಕತ್ತರಿಸುತ್ತಾರೆ. ಸಂತೆಯಲ್ಲಿ ಎಮ್ಮೆ ವ್ಯಾಪಾರವೂ ಹೀಗೇ ನಡೆಯೋದು. ಆದರೆ ಅಲ್ಲಿ ಎಮ್ಮೆಯ ಬಾಯಿ ಬಿಡಿಸಿ ಹಲ್ಲಾದರೂ ನೋಡುತ್ತಾರೆ.

ಇದಕ್ಕೂ ರಾಜ್‌ಕುಮಾರ್ ತೀರ್ಪಿನಲ್ಲಿ ಮದ್ದಿದೆ. ಚಿಕಿತ್ಸೆ ಕೊಡದ ಡಾಕ್ಟರುಗಳ ಸಿದ್ಧ ಸರ್ಟಿಫಿಕೇಟುಗಳ ಬಗ್ಗೆ ಹುಷಾರಾಗಿರಿ ಅಂತ ಅಲ್ಲೇ ಎಚ್ಚರಿಸಿದ್ದಾರೆ. ಚಿಕಿತ್ಸೆ ಕೊಟ್ಟ ಡಾಕ್ಟರನ್ನು ಕರೆಸಿ, ಅವರಿಗೆ ನಿಗದಿತ ಸಮಯ ಕೊಟ್ಟು ಕಾಯಿಸದೆ ಕಳಿಸಿ, ಬರಲು ಆಗದಿದ್ದರೆ ಕಮಿಷನ್ ಮೂಲಕ ಸಾಕ್ಷ್ಯ ಪಡೆಯಿರಿ, ನ್ಯಾಯಮಂಡಳಿ ಮೂಕ ಪ್ರೇಕ್ಷಕನಾಗಿ ಕೂರಬಾರದು, ಸಂಶಯವಿದ್ದರೆ ತಾನೇ ಪ್ರಶ್ನೆ ಕೇಳಬೇಕು. ಇಷ್ಟೆಲ್ಲ ಹೇಳಿದ್ದಾರೆ. ಈ ತೀರ್ಪನ್ನು ಉಲ್ಲೇಖಿಸದ ಅರ್ಜಿದಾರರ ವಕೀಲರಿಲ್ಲ. ಪಾಲಿಸಿದ್ದು ನಾನು ಕೂತಿದ್ದ ಹಾಲಿನಲ್ಲಿ ಕಾಣಲಿಲ್ಲ. ನಮ್ಮ ಮೇಸ್ತ್ರಿಯನ್ನು ಒಂದು ಸಲ, ಒಂದೇ ಸಲ, ಕುಕ್ಕರುಗಾಲಲ್ಲಿ ಕೂತು ತೋರಿಸಪ್ಪಾ ಅಂತ ಕೇಳಿದ್ದರೆ ಸಾಕಿತ್ತು. ಕೇಳಿದ ಪ್ರಶ್ನೆ ಬೇರೆ. "ಈ ದಿನ ನೀವು ಯಾರ ಸಹಾಯವೂ ಇಲ್ಲದೆ ನಡೆದುಕೊಂಡೇ ಕೋರ್ಟಿಗೆ ಬಂದಿದ್ದೀರಿ ಎಂದರೆ ಸರಿಯೇ?" ಅವನು ಕೈಮುಗಿದು "ಸರಿ ಸ್ವಾಮಿ" ಅಂದ. ಕಂಪನಿಯ ಕೇಸು ಅಲ್ಲಿಗೆ ಗೆದ್ದಿತು.

ಇಷ್ಟು ಹೇಳಿದರೆ ನನ್ನ ಸ್ನೇಹಿತರಲ್ಲೇ ಕೆಲವರು ಶುರು ಮಾಡುತ್ತಾರೆ. ಅಯ್ಯೋ ಬಿಡ್ರೀ, ಈ ಎಂವಿಸಿ ಕೇಸುಗಳೆಲ್ಲ ದಂಧೆ. ಕುಡಿದು ತಾವೇ ಬಿದ್ದು ಯಾರದೋ ಗಾಡಿ ನಂಬರ್ ಕೊಡ್ತಾರೆ. ಸುಳ್ಳು ಕೇಸುಗಳು ಇಲ್ಲ ಅಂತ ನಾನು ಹೇಳುವುದಿಲ್ಲ. ಉತ್ತರ ಪ್ರದೇಶದಲ್ಲಿ ಇಂಥವುಗಳ ತನಿಖೆಗೆ ಹೈಕೋರ್ಟಿನ ಆದೇಶದ ಮೇಲೆ ವಿಶೇಷ ತನಿಖಾ ತಂಡವೇ ರಚನೆಯಾಯಿತು. ಸುಳ್ಳು ಕೇಸು ಹಾಕಿದವರನ್ನು, ಹಾಕಿಸಿದವರನ್ನು ಜೈಲಿಗೆ ಕಳಿಸಿ, ನಾನೂ ಬಂದು ಚಪ್ಪಾಳೆ ತಟ್ಟುತ್ತೇನೆ. ಆದರೆ ಮೂರರಿಂದ ಭಾಗಿಸುವುದು ಸುಳ್ಳು ಕೇಸಿಗೆ ಮದ್ದಲ್ಲ. ಸುಳ್ಳು ಕೇಸಿನವನಿಗೆ ಭಾಗಿಸಿದ ಮೇಲೂ ಲಾಭವೇ. ನಷ್ಟ ನಿಜವಾಗಿ ಕಾಲು ಮುರಿದವನಿಗೆ. ಕಳ್ಳ ಬಂದಾನು ಅಂತ ಮನೆಯವರಿಗೇ ಊಟ ಕಡಿಮೆ ಬಡಿಸಿದ ಹಾಗೆ.

ಇನ್ನೊಂದು ಮಾತು, ವಿಮಾ ಕಂಪನಿ ಧರ್ಮಛತ್ರವಲ್ಲ, ಪರಿಹಾರ ಹೆಚ್ಚಾದರೆ ನಮ್ಮ ಪ್ರೀಮಿಯಂ ಹೆಚ್ಚುತ್ತೆ ಅನ್ನುವುದು. ನಿಜ, ಧರ್ಮಛತ್ರವಲ್ಲ. ಅದಕ್ಕೇ ಅಲ್ಲವೇ ಮೂರನೆಯವರ ವಿಮೆಯಿಲ್ಲದೆ ಗಾಡಿ ರಸ್ತೆಗಿಳಿಸುವಂತಿಲ್ಲ ಅಂತ ಕಾನೂನು ಮಾಡಿರುವುದು? ಆ ದುಡ್ಡು ಕಟ್ಟಿದ್ದು ನಾವು, ನಮ್ಮ ಗಾಡಿ ಇನ್ನೊಬ್ಬನ ಕಾಲು ಮುರಿದರೆ ಅವನ ಬದುಕು ಮುರಿಯದಿರಲಿ ಅಂತ. 2022ರ ಒಂದೇ ವರ್ಷದಲ್ಲಿ ಈ ದೇಶದ ರಸ್ತೆಗಳಲ್ಲಿ 1,68,491 ಜನ ಸತ್ತರು, 4,43,366 ಜನ ಗಾಯಗೊಂಡರು ಅಂತ ಕೇಂದ್ರ ಸಾರಿಗೆ ಸಚಿವಾಲಯದ್ದೇ ವರದಿ. ಸತ್ತವರ ಸುದ್ದಿಯಾದರೂ ಪೇಪರಿನಲ್ಲಿ ಬರುತ್ತೆ. ಗಾಯಗೊಂಡವರು ಮನೆಯೊಳಗೆ ಒಂದು ಮೂಲೆ ಹಿಡಿದು ಕೂತಿರುತ್ತಾರೆ, ಅವರನ್ನು ಸಾಕುವ ಖರ್ಚು ವಿಮಾ ಕಂಪನಿ ಕೊಡದಿದ್ದರೆ ಹೆಂಡತಿಯ ಕೂಲಿಯಿಂದ, ಮಗನ ಸ್ಕೂಲು ಬಿಡಿಸಿದ್ದರಿಂದ ಬರುತ್ತೆ. ಪ್ರೀಮಿಯಂ ಅಲ್ಲೂ ಕಟ್ಟುತ್ತಿದ್ದಾರೆ, ರಸೀದಿ ಇಲ್ಲ ಅಷ್ಟೇ.

ಇಷ್ಟು ಸಾಲದು ಅಂತ ಈಗ ಗಡಿಯಾರವನ್ನೂ ತಂದಿಟ್ಟಿದ್ದಾರೆ. ಮೊದಲು ಅರ್ಜಿ ಹಾಕಲು ಆರು ತಿಂಗಳ ಗಡುವಿತ್ತು. ಬಡವರಿಗೆ ಅನ್ಯಾಯವಾಗುತ್ತೆ ಅಂತ 1994ರಲ್ಲಿ ಅದನ್ನು ತೆಗೆದುಹಾಕಿದರು. 2019ರ ತಿದ್ದುಪಡಿಯಲ್ಲಿ ಮತ್ತೆ ತಂದರು, 2022ರ ಏಪ್ರಿಲ್ 1ರಿಂದ ಜಾರಿ. ಅಪಘಾತವಾದ ಆರು ತಿಂಗಳೊಳಗೆ ಅರ್ಜಿ. ಮೊಣಕಾಲಿಗೆ ಎರಡನೇ ಆಪರೇಷನ್ ಆಗುವ ಹೊತ್ತಿಗೇ ನಾಲ್ಕೈದು ತಿಂಗಳು ಕಳೆದಿರುತ್ತೆ. ಹಾಸಿಗೆಯಲ್ಲಿ ಮಲಗಿದವನು ಅಪಘಾತವಾದ ಊರಿನ ಸ್ಟೇಷನ್ನಿನಿಂದ ಎಫ್‌ಐಆರ್, ಮಹಜರ್, ಚಾರ್ಜ್‌ಶೀಟ್ ನಕಲು ತರಿಸಬೇಕು. ಅದೇ ತಿದ್ದುಪಡಿಯಲ್ಲಿ ಒಂದು ಒಳ್ಳೆಯ ಅಂಶವೂ ಇದೆ. ಪೊಲೀಸರೇ ಮೂರು ತಿಂಗಳೊಳಗೆ ಅಪಘಾತದ ವರದಿಯನ್ನು ನ್ಯಾಯಮಂಡಳಿಗೆ ಕಳಿಸಬೇಕು, ಆ ವರದಿಯನ್ನೇ ಪರಿಹಾರದ ಅರ್ಜಿ ಅಂತ ತೆಗೆದುಕೊಳ್ಳಬೇಕು. ಮೊದಲ ವರದಿ 48 ಗಂಟೆಯೊಳಗೆ ಹೋಗಬೇಕು. 2022ರ ಡಿಸೆಂಬರಿನಲ್ಲಿ ಗೋಹರ್ ಮೊಹಮ್ಮದ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇದನ್ನು ಎಲ್ಲ ರಾಜ್ಯಗಳೂ ಪಾಲಿಸಲೇಬೇಕು ಅಂತ ನಿರ್ದೇಶನ ಕೊಟ್ಟಿದೆ. ಗಾಯಾಳುವಿನ ಗಡುವು ಎಲ್ಲರಿಗೂ ನೆನಪಿರುತ್ತೆ. ಪೊಲೀಸರ ಗಡುವಿನ ಬಗ್ಗೆ ಸ್ಟೇಷನ್ನಿನಲ್ಲಿ ಕೇಳಿ ನೋಡಿ, ನಿಮ್ಮ ಮುಖ ನೋಡುತ್ತಾರೆ.

ಮೇಸ್ತ್ರಿಯ ಅಪೀಲು ಹೈಕೋರ್ಟಿನಲ್ಲಿದೆ. ಲೋಕ ಅದಾಲತ್‌ನಲ್ಲಿ ಒಂದು ಲಕ್ಷ ಸೇರಿಸಿ ಮುಗಿಸೋಣ ಅಂತ ಕಂಪನಿಯ ಕಡೆಯಿಂದ ಮಾತು ಬಂತು. ಅಲ್ಲಿ ಒಪ್ಪಿ ಸಹಿ ಹಾಕಿದರೆ ಮುಂದೆ ಅಪೀಲಿಲ್ಲ, ಅದು ಕಾನೂನು. ಅವನು ಎರಡು ದಿನ ಯೋಚಿಸಿ ಬೇಡ ಅಂದ. ನಾನು ಬೇಡ ಅನ್ನು ಅಂತ ಹೇಳಿಕೊಡಲಿಲ್ಲ, ಅವನ ಮನೆಯ ಬಡ್ಡಿ ಕಟ್ಟುವವನು ನಾನಲ್ಲ.

ನಿಮ್ಮ ಮನೆಯಲ್ಲೋ ನೆಂಟರಲ್ಲೋ ಯಾರಿಗಾದರೂ ಇಂಥದ್ದು ಆಗಿದ್ದರೆ ವಕೀಲರಿಗೆ ಒಂದು ಮಾತು ಹೇಳಿ. ಪ್ರಮಾಣಪತ್ರದಲ್ಲಿ ಕೂಲಿ ಕೆಲಸ ಅಂತ ಎರಡು ಪದ ಬರೆದು ಬಿಡಬೇಡಿ. ಬೆಳಿಗ್ಗೆಯಿಂದ ಸಂಜೆಯವರೆಗೆ ಏನೇನು ಮಾಡುತ್ತಿದ್ದ, ಎಷ್ಟು ಹೊತ್ತು ಕೂರುತ್ತಿದ್ದ, ಎಷ್ಟು ಭಾರ ಎತ್ತುತ್ತಿದ್ದ, ಎಲ್ಲಿ ಹತ್ತುತ್ತಿದ್ದ, ಅದರಲ್ಲಿ ಈಗ ಯಾವುದು ಆಗಲ್ಲ ಅಂತ ಒಂದೊಂದೂ ಬರೆಸಿ. ಜೊತೆಯಲ್ಲಿ ಕೆಲಸ ಮಾಡಿದ ಒಬ್ಬರನ್ನು ಸಾಕ್ಷಿಗೆ ಕರೆದುಕೊಂಡು ಹೋಗಿ. ಆಪರೇಷನ್ ಮಾಡಿದ ಡಾಕ್ಟರು ಬರಲ್ಲ ಅಂದರೆ ಕಮಿಷನ್‌ಗೆ ಅರ್ಜಿ ಹಾಕಿಸಿ. ಇಷ್ಟಾದ ಮೇಲೂ ಮೂರರಿಂದ ಭಾಗಿಸಿದರೆ, ಯಾಕೆ ಭಾಗಿಸಿದರು ಅಂತ ಅಪೀಲಿನ ಮೊದಲನೇ ಪ್ಯಾರಾದಲ್ಲೇ ಕೇಳಿಸಿ.